ಒಣಗಿದ ಗಿಡಗಳ ಮರಣಪತ್ರ ಕೋರಿ ಉಪಗ್ರಹಕ್ಕೆ ಅರಿಕೆ

ಆಕಾಶದಲ್ಲಿ ಬಿಜಯಂಗೈದು ನಮ್ಮೂರ ಗಿಡಗಳನ್ನು ಎಣಿಸುತ್ತಿರುವ ಮಾನ್ಯ ಉಪಗ್ರಹದವರೇ,

ತಮ್ಮ ಪಾದಗಳಿಗೆ, ಇದ್ದಲ್ಲಿ, ದುದ್ದ ಹೋಬಳಿಯ ನಾಗಲಕ್ಷ್ಮಿ ಮಾಡುವ ಸಾಷ್ಟಾಂಗ ನಮಸ್ಕಾರಗಳು. ನಾವೆಲ್ಲ ಕ್ಷೇಮ, ನಮ್ಮ ಹಸು ಗೌರಿ ಮಾತ್ರ ಕ್ಷೇಮವಿಲ್ಲ, ಆ ವಿಚಾರವಾಗಿಯೇ ಈ ಕಾಗದ.

ಮೂರು ವರ್ಷದ ಹಿಂದೆ ಒಂದು ಕಂಪನಿಯವರು ಭೂಮಿಯ ಬಿಸಿ ಇಳಿಸುತ್ತೇವೆಂದು ಬಂದು, ದನ ಮೇಯುವ ಗೋಮಾಳಕ್ಕೆ ಮುಳ್ಳುತಂತಿ ಸುತ್ತಿ, ಸಾವಿರದ ಇನ್ನೂರು ಹೊಂಗೆ, ನೇರಳೆ ಸಸಿ ನೆಟ್ಟು, ಫೋಟೊ ಹೊಡೆಸಿಕೊಂಡು ಹೋದರು. ಅರ್ಧಕ್ಕಿಂತ ಹೆಚ್ಚು ಗಿಡ ಸತ್ತರೆ ಬೇಲಿ ಕಿತ್ತು ಜಾಗವನ್ನು ದನಗಳಿಗೇ ಬಿಡುತ್ತೇವೆಂದು ಕರಾರಿನಲ್ಲಿ ಬರೆದೂ ಕೊಟ್ಟರು. ಎರಡನೇ ಬೇಸಿಗೆಗೆ ಗಿಡಗಳು ಒಣಗಿ ಕಡ್ಡಿಯಾದವು. ನಮ್ಮ ಅತ್ತೆ ಮಾರಮ್ಮನವರು ಬೇಲಿ ನುಸುಳಿ, ಬದುಕಿದ ಒಂದೊಂದು ಗಿಡಕ್ಕೂ ಒಂದೊಂದು ಹುಣಸೆಬೀಜ ಮಡಿಲಿಗೆ ಹಾಕಿಕೊಳ್ಳುತ್ತಾ ಇಡೀ ಗೋಮಾಳ ಸುತ್ತಿ ಬಂದರೆ, ಮಡಿಲಲ್ಲಿ ನಲವತ್ಮೂರೇ ಬೀಜ!

ತಾವಾದರೋ ಮಳೆ ಕಳೆದ ಮೇಲೆ, ದನವೂ ಬಾಯಿ ಹಾಕದ ಪಾರ್ಥೇನಿಯಂ ಕಳೆ ಎದೆಮಟ್ಟ ಬೆಳೆದಿದ್ದಾಗ ಮೇಲಿಂದ ಕಟಾಕ್ಷಿಸಿ, ನೂರಕ್ಕೆ ತೊಂಬತ್ತೆರಡು ಗಿಡ ಸೊಂಪಾಗಿವೆ ಎಂದು ವರದಿ ಕೊಟ್ಟಿರಂತೆ. ಎಂಥ ಕಣ್ಣು ಸ್ವಾಮಿ ತಮ್ಮದು! ಒಳಗೆ ನಡೆದು ಬಂದವರಿಗೇ ಕಾಣದ ಕಾಡು ತಮಗೆ ಅಷ್ಟು ದೂರದಿಂದ ಕಂಡಿತಲ್ಲ. "ಕೆಳೀಕಿಳ್ದು ನೋಡಾಕೆ ಏನ್ ದಾಡಿಯಂತವ್ವ ಅದ್ಕೆ?" ಎನ್ನುತ್ತಾರೆ ಅತ್ತೆ, ವಯಸ್ಸಾದವರು, ಮನ್ನಿಸಬೇಕು. ತಮ್ಮ ವರದಿ ನಂಬಿ ಕಂಪನಿಯವರು ಗೇಟಿನ ಬೀಗ ತೆಗೆಯುತ್ತಿಲ್ಲ. ಕಟ್ಟಿದಲ್ಲೇ ಒಣಹುಲ್ಲು ತಿಂದು ಗೌರಿ ಬಡವಾಗಿದ್ದಾಳೆ. ಡೈರಿಗೆ ಆರು ಲೀಟರು ಹಾಕುತ್ತಿದ್ದ ನಾನು ಈಗ ಎರಡು ಲೀಟರು ಹಿಡಿದು, ಕ್ಯಾನು ಸೆರಗಿನಲ್ಲಿ ಮುಚ್ಚಿಕೊಂಡು ಸಾಲಿನಲ್ಲಿ ನಿಲ್ಲುತ್ತೇನೆ.

ನಮ್ಮ ಕಡೆ ಮನೆ ಯಜಮಾನ ತೀರಿಕೊಂಡರೆ ಮರಣಪತ್ರ ತೋರಿಸಿ, ಜಮೀನನ್ನು ವಾರಸುದಾರರ ಹೆಸರಿಗೆ ಪೌತಿ ಖಾತೆ ಮಾಡಿಸುವ ಪದ್ಧತಿಯುಂಟು. ಆದ್ದರಿಂದ ದಿವಂಗತ ಸಾವಿರದ ನೂರ ಐವತ್ತೇಳು ಗಿಡಗಳಿಗೆ ತಲಾ ಒಂದು ಮರಣಪತ್ರ ದಯಪಾಲಿಸಿದರೆ, ಗೋಮಾಳವನ್ನು ಗೌರಿ ಮತ್ತು ಸಂಗಡಿಗರ ಹೆಸರಿಗೆ ಪೌತಿ ಖಾತೆ ಮಾಡಿಸಿಕೊಳ್ಳುತ್ತೇವೆ. ಅನುಮಾನವಿದ್ದರೆ ತಾವೇ ಖುದ್ದಾಗಿ ಇಳಿದು ಬನ್ನಿ. ಹಾಸನದಿಂದ ದುದ್ದಕ್ಕೆ ಬಸ್ಸುಂಟು, ಕಿಟಕಿ ಪಕ್ಕದ ಸೀಟಿಗೆ ಟವೆಲ್ ಹಾಕಿಸಿರುತ್ತೇನೆ.

ಇಂತಿ, ನೆಲದ ಮೇಲೆಯೇ ಓಡಾಡಿಕೊಂಡಿರುವ ತಮ್ಮ ವಿಶ್ವಾಸಿ,
ನಾಗಲಕ್ಷ್ಮಿ

ವಿ.ಸೂ.: ತಾವು ತೆಗೆದ ಹಚ್ಚಹಸಿರು ಚಿತ್ರವನ್ನು ದೊಡ್ಡದು ಮಾಡಿಸಿ ಕಂಪನಿಯವರು ಬಸ್ ಸ್ಟ್ಯಾಂಡ್ ಗೋಡೆಗೆ ಅಂಟಿಸಿದ್ದಾರೆ. ನಿನ್ನೆ ಗೌರಿಯನ್ನು ಹೊಡೆದುಕೊಂಡು ಹೋಗಿ ಅದರ ಮುಂದೆ ನಿಲ್ಲಿಸಿದೆ. ಪಕ್ಕದಲ್ಲಿದ್ದ ಸಿನಿಮಾ ಪೋಸ್ಟರನ್ನು ಪರಪರ ಹರಿದು ತಿಂದಳು. ತಮ್ಮ ಕಾಡನ್ನು ಮೂಸಿಯೂ ನೋಡಲಿಲ್ಲ.