ಕಂಬದ ಮೇಲಿನ ಸ್ಟೇಷನ್ನಿನಲ್ಲಿ ನನ್ನ ಟವೆಲ್

ಸಿಟ್ಟು ಮಾಡುವುದಕ್ಕೂ ಎದುರಿಗೆ ಒಬ್ಬ ಮನುಷ್ಯ ಬೇಕು. ನಮ್ಮ ನವಲಗುಂದದ ಬಸ್ ಸ್ಟ್ಯಾಂಡಿನಲ್ಲಿ ಇದಕ್ಕೆ ಎಂದೂ ಕೊರತೆಯಾಗಿಲ್ಲ. ಬಸ್ಸು ತಡವಾದರೆ ಕಂಟ್ರೋಲರ್ ಇದ್ದಾನೆ, ನಿಲ್ಲಿಸದೆ ಹೋದರೆ ಡ್ರೈವರ್ ಇದ್ದಾನೆ, ಉಳಿದೆಲ್ಲದಕ್ಕೂ ಕಂಡಕ್ಟರ್ ಇದ್ದಾನೆ. ಅವರು ಯಾರೂ ಸಿಗದಿದ್ದರೆ ಬಾಜು ನಿಂತವನಾದರೂ "ಹೌದ್ರಿ, ಅಗದಿ ಖರೇ" ಎಂದು ನಮ್ಮ ಸಿಟ್ಟಿಗೆ ಜೊತೆಯಾಗುತ್ತಾನೆ. ಸ್ವಲ್ಪ ಹೊತ್ತು ಬಾಯಿ ಮಾಡಿದರೆ ಮೈ ಹಗುರಾಗಿ ಊಟವೂ ರುಚಿಸುತ್ತದೆ. ಆದರೆ ಮನುಷ್ಯರೇ ಕೈಗೆ ಸಿಗದ ಜಾಗದಲ್ಲಿ ಬಂದ ಸಿಟ್ಟನ್ನು ಎಲ್ಲಿ ಇಳಿಸಬೇಕು? ದಿಲ್ಲಿಯ ಕಡೆ ಬಂದ ಅಂಥದ್ದೊಂದು ಸಿಟ್ಟನ್ನು ನಾನು ಹಾಗೆಯೇ ಊರಿಗೆ ಹೊತ್ತು ತಂದಿದ್ದೇನೆ.

ಮೊದಲು ನನ್ನ ಯೋಗ್ಯತೆ ಏನೆಂದು ಹೇಳಿಬಿಡುತ್ತೇನೆ. ಹುಬ್ಬಳ್ಳಿಗೆ ಹೋಗುವ ಬಸ್ಸು ನಮ್ಮ ಸ್ಟ್ಯಾಂಡಿನೊಳಗೆ ತಿರುಗುವಾಗಲೇ ಕಿಟಕಿಯಿಂದ ಟವೆಲ್ ಒಗೆದು ಸೀಟು ಹಿಡಿಯುವುದರಲ್ಲಿ ನನ್ನ ಕೈ ತಪ್ಪಿದ್ದಿಲ್ಲ. ಟವೆಲ್ ಬಿದ್ದ ಸೀಟಿನಲ್ಲಿ ನಮ್ಮ ಕಡೆ ಯಾರೂ ಕೂಡುವುದಿಲ್ಲ. ಕೂತರೆ ಇಡೀ ಬಸ್ಸೇ ಅವರನ್ನು ಎಬ್ಬಿಸುತ್ತದೆ. ಹೆಂಗಸರಿಗೆ ಬಸ್ಸು ಫುಕಟ್ ಆದಮೇಲಂತೂ ಈ ವಿದ್ಯೆಗೆ ಬೆಲೆ ಬಹಳ ಏರಿದೆ. ನನ್ನ ಹೆಂಡತಿ ಗಿರಿಜೆಗೆ ಮೊಣಕಾಲು ನೋವು. ಆದರೂ ಅವಳು ಒಮ್ಮೆಯೂ ನಿಂತು ಪ್ರಯಾಣ ಮಾಡಿದವಳಲ್ಲ. ನನ್ನಲ್ಲಿ ಅವಳು ಬಾಯಿಬಿಟ್ಟು ಒಪ್ಪಿಕೊಂಡ ಗುಣ ಇದೊಂದೇ.

ಗಿರಿಜೆಯ ತಂಗಿ ಶೋಭಾ ಇರುವುದು ದಿಲ್ಲಿಯಾಚೆಯ ಒಂದು ಊರಿನಲ್ಲಿ. ಅವಳ ಗಂಡ, ಅಂದರೆ ನನ್ನ ಷಡ್ಡಕ, ಅಲ್ಲಿ ಬ್ಯಾಂಕಿನ ನೌಕರಿಯಲ್ಲಿದ್ದಾನೆ. ಶೋಭಾಳಿಗೆ ಡೆಂಗ್ಯೂ ಬಂದು ವಾಸಿಯಾಯಿತು, ಆದರೆ ಬಾಯಿರುಚಿ ತಿರುಗಿ ಬರಲಿಲ್ಲ. ಫೋನಿನಲ್ಲಿ ಅಳುತ್ತಿದ್ದಳು. "ಅಕ್ಕಾ, ಏನ್ ತಿಂದ್ರೂ ಮಣ್ಣ ತಿಂದಂಗ ಆಗತೈತಿ. ಅವ್ವ ಮಾಡ್ತಿದ್ಲಲ್ಲ, ಕಟಕ ರೊಟ್ಟಿ, ಶೇಂಗಾ ಚಟ್ನಿ... ಅಷ್ಟ ಸಿಕ್ಕರ ಉಣತೇನಿ." ತಾಯಿ ತೀರಿಹೋಗಿದ್ದಾಳೆ; ಆ ಕೈರುಚಿ ಉಳಿದಿರುವುದು ಗಿರಿಜೆಯಲ್ಲಿ ಮಾತ್ರ. ಅಂದೇ ಒಲೆಯ ಮುಂದೆ ಕೂತಳು. ಕಟಕ ರೊಟ್ಟಿ ಎಂದರೆ ಗರಿಗರಿಯಾಗಿ ಒಣಗಿಸಿದ ಜೋಳದ ರೊಟ್ಟಿ. ಎಷ್ಟು ದಿನವಿಟ್ಟರೂ ಕೆಡುವುದಿಲ್ಲ, ಆದರೆ ಸ್ವಲ್ಪ ಒತ್ತಿದರೂ ಮುರಿಯುತ್ತದೆ. ರೊಟ್ಟಿಯನ್ನೂ ಚಟ್ನಿಪುಡಿಯ ಡಬ್ಬಿಯನ್ನೂ ಬಟ್ಟೆಯಲ್ಲಿ ಗಂಟು ಕಟ್ಟಿ, ಹುಬ್ಬಳ್ಳಿಯಿಂದ ದಿಲ್ಲಿಯವರೆಗೂ ಆ ಗಂಟನ್ನು ಅವಳು ಕೂಸಿನಂತೆ ತೊಡೆಯ ಮೇಲಿಟ್ಟುಕೊಂಡೇ ಬಂದಳು. ನಾನು ಕೈಚಾಚಿದರೂ ಕೊಡಲಿಲ್ಲ.

ಅಲ್ಲಿಂದ ಮುಂದೆ, ಷಡ್ಡಕ ತಾನೇ ಕಟ್ಟಿಸಿದವನಂತೆ ಹೊಗಳುತ್ತಿದ್ದ ಹೊಸ ವೇಗದ ರೈಲು. ಅದರ ಸ್ಟೇಷನ್ನನ್ನು ರಸ್ತೆಯ ನಡುವೆ ಕಂಬ ನಿಲ್ಲಿಸಿ, ಅವುಗಳ ಮೇಲೆ ಮುಗಿಲಿನಲ್ಲಿ ಕಟ್ಟಿದ್ದಾರೆ. ನಾನು ಹುಟ್ಟಿ ಬೆಳೆದದ್ದು ಗುಡಗೇರಿಯಲ್ಲಿ. ಹೊಲದ ಬದುವಿನಿಂದ ನೆಟ್ಟಗೆ ಪ್ಲಾಟ್‌ಫಾರ್ಮಿಗೆ ನಡೆದುಹೋದವನು. ರೈಲು ಹತ್ತಲು ಮೊದಲು ಆಕಾಶ ಹತ್ತಬೇಕೆಂದರೆ ಸಿಟ್ಟು ಬಾರದೆ ಇದ್ದೀತೇ? ಅದೂ ತಾನೇ ಓಡುವ ಮೆಟ್ಟಿಲು. ಅದನ್ನು ಕಂಡು ಗಾಬರಿಯಾದ ಗಿರಿಜೆಗೆ ಎರಡೂ ಕೈಯಿಂದ ಬದಿಯ ಪಟ್ಟಿ ಹಿಡಿಯಬೇಕಾಯಿತು. ಬೇರೆ ದಾರಿಯಿಲ್ಲದೆ ಗಂಟನ್ನು ನನಗೆ ಕೊಟ್ಟಳು.

"ಜ್ವಾಕಿ ನೋಡ್ರಿ. ಕೈ ಬಿಡಬ್ಯಾಡ್ರಿ."

"ನನಗ ಹೇಳ್ತಿಯೇನ?" ಎಂದೆ.

ಮೇಲೆ ಹೋದರೆ ಪ್ಲಾಟ್‌ಫಾರ್ಮಿನ ಅಂಚಿಗೆ ಉದ್ದಕ್ಕೂ ಗಾಜಿನ ಗೋಡೆ. ಟವೆಲ್ ಒಗೆಯಲು ಕಿಟಕಿಯೇ ಇಲ್ಲ! ಆಫೀಸು ಬಿಡುವ ಹೊತ್ತು, ಮಂದಿಯೋ ಮಂದಿ. ಗಿರಿಜೆ ಇನ್ನೂ ದೂರದಲ್ಲಿ ಕುಂಟುತ್ತಾ ಬರುತ್ತಿದ್ದಳು. ರೈಲು ಬಂದು ಗಾಜು ಸರಿದದ್ದೇ ನುಗ್ಗಿದೆ. ಒಂದೇ ಸೀಟು ಖಾಲಿಯಿತ್ತು. ಟವೆಲ್ ಹಾಸಿದೆ. ಪರಊರಿನ ಮಂದಿಗೆ ಟವೆಲ್ಲಿನ ಮರ್ಯಾದೆ ಗೊತ್ತಿರುತ್ತದೋ ಇಲ್ಲವೋ ಎಂದು ಅದರ ಮೇಲೆ ಗಂಟನ್ನೂ ಇಟ್ಟೆ. ಆಮೇಲೆ, ನವಲಗುಂದದಲ್ಲಿ ಯಾವಾಗಲೂ ಮಾಡುವಂತೆ, ಹೆಂಡತಿಯನ್ನು ಕರೆತರಲು ರೈಲಿನಿಂದ ಕೆಳಗಿಳಿದೆ.

ಬೆನ್ನ ಹಿಂದೆ ಬಾಗಿಲು ಮುಚ್ಚಿತು. ಯಾರೂ "ರೈಟ್" ಅನ್ನಲಿಲ್ಲ, ಸೀಟಿ ಊದಲಿಲ್ಲ. "ಹೋಲ್ಡಾನ್! ಹೋಲ್ಡಾನ್!" ಎಂದು ಗಾಜನ್ನು ಬಡಿದೆ. ಬಸ್ಸಿನ ತಗಡಾದರೆ ಬಡಿದ ಸಪ್ಪಳಕ್ಕಾದರೂ ನಿಲ್ಲುತ್ತಿತ್ತು. ಈ ಗಾಜಿಗೆ ಸಪ್ಪಳವೂ ಇಲ್ಲ, ನಾಚಿಕೆಯೂ ಇಲ್ಲ. ಗಂಟು ನನ್ನ ಕಣ್ಣ ಮುಂದೆಯೇ ಹೊರಟುಹೋಯಿತು. ಅಷ್ಟರಲ್ಲಿ ಗಿರಿಜೆ ಬಂದು ನನ್ನ ಬರಿಗೈ ನೋಡಿದಳು. ಬೈದಿದ್ದರೆ ಚೆನ್ನಾಗಿತ್ತು. "ನನ್ನ ತಂಗಿ ಈಗ ಏನ್ ಉಣಬೇಕ್ರಿ?" ಎಂದಷ್ಟೇ ಕೇಳಿ ಅಲ್ಲಿದ್ದ ಬೆಂಚಿನ ಮೇಲೆ ಕುಸಿದಳು. ಅದರಿಂದ ನನ್ನ ಸಿಟ್ಟು ಇನ್ನಷ್ಟು ಏರಿತು.

ಸಮವಸ್ತ್ರ ತೊಟ್ಟ ಒಬ್ಬ ಹುಡುಗಿ ಓಡಿಬಂದಳು. ಅಂತೂ ಒಂದು ಮನುಷ್ಯಪ್ರಾಣಿ ಸಿಕ್ಕಿತು! ಪಕ್ಕದ ಮನೆಯಲ್ಲಿ ಜಮಖಾನ ನೇಯುವ, ಉರ್ದು ಮಾತಾಡುವ ಚಾಚಿಯಿಂದ ಕಲಿತ ಹಿಂದಿಯಲ್ಲಿ ಬಾಯಿಗೆ ಬಂದಂತೆ ಬೈದೆ. ಅವಳು ನಗುನಗುತ್ತಾ "ಸಾರಿ ಅಂಕಲ್" ಅಂದಳು. ಸಾರಿ ಅನ್ನುವವರನ್ನು ಎಷ್ಟು ಹೊತ್ತು ಬೈಯಲು ಸಾಧ್ಯ? ಆಮೇಲೆ ಗಂಟಿನಲ್ಲಿ ಏನಿದೆ ಎಂದು ಕೇಳಿದಳು. ರೊಟ್ಟಿ ಎಂದರೆ ಅವಳಿಗೆ ಮೆತ್ತನೆಯ ಚಪಾತಿಯೇ ಕಣ್ಣಿಗೆ ಬಂದೀತೆಂದು ಬಿಡಿಸಿ ಹೇಳಿದೆ: ದುಂಡಗಿದೆ, ಒಣಗಿದೆ, ಒತ್ತಿದರೆ ಪಟ್ಟನೆ ಒಡೆಯುತ್ತದೆ, ಜೊತೆಗೆ ಖಾರದ ಪುಡಿ ತುಂಬಿದ ಡಬ್ಬಿ. ಅವಳ ನಗು ನಿಂತಿತು. ಗಿರಿಜೆಯಿಂದ ಷಡ್ಡಕನ ನಂಬರು ಪಡೆದು, ಆ ಕಡೆ ಓಡಾಡಿ ಯಾರ್ಯಾರಿಗೋ ಫೋನು ಹಚ್ಚಿದಳು. ಕೊನೆಗೆ ನಮ್ಮನ್ನು ಮುಂದಿನ ರೈಲಿಗೆ ಹತ್ತಿಸಿದಳು. ಅದೂ ತುಂಬಿತ್ತು. ಟವೆಲ್ಲಿಲ್ಲದ ನಾನು ಏನು ಮಾಡಲಿ ಎಂದು ಚಡಪಡಿಸುವಷ್ಟರಲ್ಲಿ, ಗಿರಿಜೆಯ ನಡಿಗೆ ನೋಡಿ ಒಬ್ಬ ಹೆಣ್ಣುಮಗಳು ತಾನಾಗಿ ಎದ್ದು ಜಾಗ ಕೊಟ್ಟಳು. ನನಗೆ ಅದಕ್ಕೂ ಸಿಟ್ಟೇ ಬಂತು.

ಕೊನೆಯ ಸ್ಟೇಷನ್ನಿನಲ್ಲಿ ಷಡ್ಡಕ ಗಂಟು ಹಿಡಿದು ನಿಂತಿದ್ದ. ಪೊಲೀಸರು ಅವನನ್ನು ಕರೆಸಿ, ಅವನ ಕೈಯಿಂದಲೇ ಬಿಚ್ಚಿಸಿ, ಒಂದು ರೊಟ್ಟಿ ಮುರಿದು ತಿನ್ನಿಸಿ ನೋಡಿದ ಮೇಲೆ ಬಿಟ್ಟರಂತೆ. ಉಳಿದ ರೊಟ್ಟಿಗಳಲ್ಲಿ ಒಂದೂ ಮುರಿದಿರಲಿಲ್ಲ. ಮನೆಯಲ್ಲಿ ಶೋಭಾ ಚಟ್ನಿಗೆ ಎಣ್ಣೆ ಹಾಕಿಕೊಂಡು ಮೊದಲ ತುಣುಕು ಕಡಿದಳು. ಕಣ್ಣಲ್ಲಿ ನೀರು. "ಅಕ್ಕಾ, ಅಗದಿ ಅವ್ವನ ಕೈರುಚಿ." ಗಿರಿಜೆ ಸೆರಗಿನಿಂದ ಮುಖ ಒರೆಸಿಕೊಂಡು ತಂಗಿಗೆ ಇನ್ನೊಂದು ರೊಟ್ಟಿ ನೀಡಿದಳು.

ಷಡ್ಡಕನೇ ಆಗ ಸುದ್ದಿ ತೆಗೆದ. "ಅಷ್ಟ ಗದ್ದಲದಾಗ ಆ ಸೀಟಿನಾಗ ಕಡೀತನಕಾ ಒಬ್ರೂ ಕೂಡಲಿಲ್ಲಂತ್ರಿ ಅಣ್ಣಾವ್ರ. ಬಾಂಬ್ ಐತಿ ಅಂತ ಎಲ್ಲಾರೂ ದೂರ ಸರದ ನಿಂತಿದ್ರಂತ."

ಕಾರಣವನ್ನು ನಾನು ಕಿವಿಗೆ ಹಾಕಿಕೊಳ್ಳಲಿಲ್ಲ. ಎದೆಯುಬ್ಬಿಸಿ ಗಿರಿಜೆಯ ಕಡೆ ತಿರುಗಿದೆ. "ಕೇಳಿದೇನ? ದಿಲ್ಲಿಗೆ ಬಂದ್ರೂ ನನ್ನ ಟವೆಲ್ ಸೀಟ ಬಿಟ್ಟಕೊಡಲಿಲ್ಲ."

"ಹೌದ್ರಿ," ಅಂದಳು ಗಿರಿಜೆ, ರೊಟ್ಟಿಯ ಗಂಟು ಕಟ್ಟುತ್ತಾ. "ಟವೆಲ್ ಕುಂತ ಬಂತು. ನೀವು ನಿಂತ ಬಂದ್ರಿ."