ಮಂಗಳವಾರಕ್ಕೊಂದು ಅಡಿಟಿಪ್ಪಣಿ

ಇಷ್ಟೆಲ್ಲ ರಾದ್ಧಾಂತಕ್ಕೆ ಕಾರಣವಾದದ್ದು ಒಂದೇ ಒಂದು ವಾಕ್ಯ. "ನಮ್ಮೆಲ್ಲರ ಪ್ರೀತಿಯ ಮೇಷ್ಟ್ರು ಕಳೆದ ಮಂಗಳವಾರ ತೀರಿಕೊಂಡರು" ಎಂದು ಪ್ರಾಂಶುಪಾಲರು ಶ್ರದ್ಧಾಂಜಲಿ ಬರೆದುಕೊಟ್ಟಿದ್ದರು. ಬರೆಯುವಾಗ ಅವರ ಕಣ್ಣಲ್ಲಿ ನೀರಿತ್ತಂತೆ. ನೀರಿತ್ತೋ ಇಲ್ಲವೋ, ಆ ವಾಕ್ಯಕ್ಕೆ ಅಡಿಟಿಪ್ಪಣಿ ಮಾತ್ರ ಇರಲಿಲ್ಲ.

ಅದು ಕಾನೂನು ಕಾಲೇಜಿನ ವಿದ್ಯಾರ್ಥಿಗಳೇ ಸಂಪಾದಿಸಿ ವರ್ಷಕ್ಕೊಮ್ಮೆ ಹೊರತರುವ ಪತ್ರಿಕೆ. ಓದುವವರು ಎಷ್ಟು ಜನ ಎಂದು ಯಾರೂ ಕೇಳಬಾರದು. ಶಿಸ್ತು ಮಾತ್ರ ಸೈನ್ಯದ್ದು. ಪುಟದಲ್ಲಿ ಏನೇ ಹೇಳಿದರೂ ಅದರ ತಲೆಯ ಮೇಲೊಂದು ಸಣ್ಣ ಅಂಕಿ ಕೂರಬೇಕು, ಪುಟದ ಕೆಳಗೆ ಅದೇ ಅಂಕಿಯ ಎದುರು ಈ ಮಾತಿಗೆ ಪುರಾವೆ ಏನೆಂದು ಬರೆಯಬೇಕು. ಪುರಾವೆಯಿಲ್ಲದೆ ಆ ಪತ್ರಿಕೆಯಲ್ಲಿ ಸೂರ್ಯ ಕೂಡ ಪೂರ್ವದಲ್ಲಿ ಹುಟ್ಟುವಂತಿರಲಿಲ್ಲ.

ಈ ಪುರಾವೆಗಳನ್ನು ಒಂದೊಂದಾಗಿ ಹಿಡಿದು ಪರೀಕ್ಷಿಸುವ ಕೆಲಸ ಕೊನೆಯ ವರ್ಷದ ಒಬ್ಬ ಬಡಪಾಯಿಯದು. ಸೇರಿದ ವರ್ಷದಿಂದ ಪುಟಗಳ ಕೆಳಭಾಗವನ್ನೇ ನೋಡಿಕೊಂಡು ಬಂದಿದ್ದರಿಂದ ಅವನಿಗೆ ಟಿಪ್ಪಣಿ ಎಂದೇ ಹೆಸರು ಬಿದ್ದಿತ್ತು. ಹಾಜರಿ ಕರೆಯುವಾಗ ಅವನ ನಿಜವಾದ ಹೆಸರು ಬಂದರೆ ಅವನೇ ಒಮ್ಮೊಮ್ಮೆ ಸುಮ್ಮನೆ ಕೂತುಬಿಡುತ್ತಿದ್ದ.

ಆದರೆ ಈ ಸಲದ ಸಂಚಿಕೆಯಲ್ಲಿ ಟಿಪ್ಪಣಿ ಪುಟದ ಕೆಳಗಿನಿಂದ ಮೇಲಕ್ಕೆ ಬರುವವನಿದ್ದ. ಅವನದೇ ಲೇಖನ, ಅವನದೇ ಹೆಸರು, ದಪ್ಪಕ್ಷರದಲ್ಲಿ. ಊರಿನ ದೊಡ್ಡ ವಕೀಲರೊಬ್ಬರು, "ಅಚ್ಚಾದ ಲೇಖನ ತಗೊಂಡು ಬಾ, ನಮ್ಮ ಆಫೀಸಲ್ಲಿ ನಿಂಗೊಂದು ಕುರ್ಚಿ ಹಾಕಿಸ್ತೀನಿ. ಬರಿಗೈಲಿ ಬರೋದಾದ್ರೆ ಬರಲೇಬೇಡ" ಎಂದಿದ್ದರು. ವಿದ್ಯಾರ್ಥಿಯ ಲೇಖನಕ್ಕೆ ಒಬ್ಬ ಅಧ್ಯಾಪಕರ ಸಹಿ ಬೇಕೆಂಬುದು ಪತ್ರಿಕೆಯ ನಿಯಮ. ಸಾಕ್ಷ್ಯ ಕಾನೂನಿನ ಮೇಷ್ಟ್ರು ಆಸ್ಪತ್ರೆಯ ಹಾಸಿಗೆಯ ಮೇಲೆ ಒರಗಿಕೊಂಡೇ ಪೂರ್ತಿ ಓದಿ, ಎರಡು ಕಡೆ ಅಲ್ಪವಿರಾಮ ತಿದ್ದಿ, "ಅಚ್ಚಿಗೆ ಯೋಗ್ಯ" ಎಂದು ಬರೆದು ಸಹಿ ಹಾಕಿದ್ದರು. ಅವರು ಬದುಕಿನಲ್ಲಿ ಹಾಕಿದ ಕೊನೆಯ ಸಹಿ ಅದೇ. ಇವತ್ತು ಸಂಜೆ ಸಂಚಿಕೆ ಪ್ರೆಸ್ಸಿಗೆ ಹೋಗಬೇಕು. ಹೋಗದಿದ್ದರೆ ಈ ವರ್ಷ ಸಂಚಿಕೆಯೂ ಇಲ್ಲ, ಕುರ್ಚಿಯೂ ಇಲ್ಲ.

ಪತ್ರಿಕೆಯ ಕೋಣೆ ಮೆಟ್ಟಿಲಿನ ಕೆಳಗಿತ್ತು. ಮೇಲೆ ಯಾರಾದರೂ ಓಡಿದರೆ ಒಳಗಿದ್ದವರ ತಲೆಯ ಮೇಲೆ ಸುಣ್ಣ ಉದುರುತ್ತಿತ್ತು. ಅಲ್ಲಿ ಬೆಳಿಗ್ಗೆಯೇ ಪ್ರಧಾನ ಸಂಪಾದಕಿ ಕೆಂಪು ಪೆನ್ನು ಹಿಡಿದು ಕೂತಿದ್ದಳು. ಟಿಪ್ಪಣಿಯ ಸಹಪಾಠಿಯೇ ಆದರೂ ಕಾಲೇಜಿಗೆ ಕಾಲೇಜೇ ಅವಳನ್ನು ಬೆನ್ನ ಹಿಂದೆ ಪುರಾವೆ ಅಕ್ಕ ಎನ್ನುತ್ತಿತ್ತು.

"ಈ ವಾಕ್ಯಕ್ಕೆ ಪುರಾವೆ ಎಲ್ಲಿ?" ಎಂದಳು.

"ಯಾವ ವಾಕ್ಯಕ್ಕೆ?"

"ಮೇಷ್ಟ್ರು ತೀರಿಕೊಂಡರು ಅನ್ನೋದಕ್ಕೆ."

ಟಿಪ್ಪಣಿಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ. "ಅಲ್ವೇ, ಶವಕ್ಕೆ ಹೆಗಲು ಕೊಟ್ಟವನೇ ನಾನು. ನೀನೂ ಹೂವಿಟ್ಟು ಬಂದೆ. ಇನ್ನೇನು ಪುರಾವೆ?"

"ನೀನು ಹೆಗಲು ಕೊಟ್ಟಿದ್ದು ಅಂತ್ಯಕ್ರಿಯೆಗೆ ಪುರಾವೆ. ಸಾವಿಗಲ್ಲ, ಮಂಗಳವಾರಕ್ಕಂತೂ ಅಲ್ಲವೇ ಅಲ್ಲ."

"ಪೇಪರಲ್ಲಿ ಬಂದಿತ್ತಲ್ಲ?"

"'ನಮ್ಮನ್ನು ಅಗಲಿದ್ದಾರೆ' ಅಂತ ಬಂದಿತ್ತು. ತಾರೀಖಿಲ್ಲ. ಅಗಲಿದವರು ಎಲ್ಲಿಗೆ ಬೇಕಾದ್ರೂ ಹೋಗಿರಬಹುದು. ಮರಣ ಪತ್ರ ಬರೋಕೆ ತಿಂಗಳಾಗುತ್ತೆ. ಹತ್ತಿರ ಇದ್ದವರು ಯಾರಾದ್ರೂ ಬಾಯಿಬಿಟ್ಟು ಹೇಳಿದ್ರೆ ಸಾಕು, ಅವರ ಮಾತನ್ನೇ ಕೆಳಗೆ ಹಾಕೋಣ. ಸಂಜೆಯೊಳಗೆ ತಗೊಂಡು ಬಾ, ಇಲ್ಲಾಂದ್ರೆ ಸಂಚಿಕೆ ಕಳಿಸಲ್ಲ." ಅವಳ ದನಿ ಸ್ವಲ್ಪ ಮೆತ್ತಗಾಯಿತು. "ಪುರಾವೆ ಇಲ್ಲದ ಮಾತು ಆಡಬೇಡಿ ಅಂತ ಜೀವನವಿಡೀ ಪಾಠ ಮಾಡಿದ ಮನುಷ್ಯ ಕಣೋ. ಅವರ ಸಾವನ್ನೇ ಪುರಾವೆ ಇಲ್ಲದೆ ಅಚ್ಚು ಹಾಕೋದಾ?"

ಟಿಪ್ಪಣಿ ಪೆನ್ನು ಹಾಳೆ ಹಿಡಿದುಕೊಂಡು ಸೀದಾ ಮೇಷ್ಟ್ರ ಮನೆಗೆ ಹೊರಟ.

ಮನೆಯ ಬಾಗಿಲಲ್ಲೇ ಎದುರುಮನೆಯ ನಿವೃತ್ತ ಪೋಸ್ಟ್‌ಮಾಸ್ಟರು ಕುರ್ಚಿ ಹಾಕಿಕೊಂಡು ಕೂತಿದ್ದರು. ಸಾವಿನ ಮನೆಗೆ ಬರುವವರನ್ನೆಲ್ಲ ವಿಚಾರಿಸಿ ಒಳಗೆ ಬಿಡುವ ಹೊಣೆಯನ್ನು ಅವರಿಗೆ ಯಾರೂ ವಹಿಸಿರಲಿಲ್ಲ.

"ಯಾರಪ್ಪಾ ನೀನು? ಕೈಯಲ್ಲೇನು?"

"ಸಾರ್, ಮೇಷ್ಟ್ರು ಯಾವಾಗ ತೀರಿಕೊಂಡ್ರು ಅಂತ ಸ್ವಲ್ಪ ಖಚಿತ ಮಾಡ್ಕೊಳ್ಳೋಣ ಅಂತ."

ಪೋಸ್ಟ್‌ಮಾಸ್ಟರ ಹುಬ್ಬು ಮೇಲೇರಿತು. "ಇನ್ಶೂರೆನ್ಸ್‌ನವನಾ? ಬೂದಿ ಆರೋಕೆ ಮೊದಲೇ ಬಂದ್ಬಿಟ್ರಾ ತನಿಖೆಗೆ?"

"ಅಲ್ಲ ಸಾರ್, ನಾನು ಅವರ ಶಿಷ್ಯ. ಅವರು ಸತ್ತಿದ್ದು..."

"ಸತ್ತಿದ್ದು ಅಂತಾನೆ ನೋಡಿ! ನಾಲಿಗೆ ಬಿಗಿಹಿಡಿದು ಮಾತಾಡಪ್ಪ. ಹೋಗ್ಬಿಟ್ರು ಅನ್ನಬೇಕು."

ಟಿಪ್ಪಣಿ ಹಾಳೆಯಲ್ಲಿ "ಹೋಗಿಬಿಟ್ಟರು" ಎಂದು ಬರೆದುಕೊಂಡ. ಬರೆಯುವಾಗಲೇ ಅಕ್ಕನ ಪ್ರಶ್ನೆ ಅವನ ಕಿವಿಯಲ್ಲಿ ಮೊಳಗಿತು: ಎಲ್ಲಿಗೆ? ಒಳಗಿನಿಂದ ಮೇಷ್ಟ್ರ ನಾದಿನಿ ಬಂದು, "ನಮ್ಮ ಭಾವ ದೇವರ ಪಾದ ಸೇರಿದ್ರಪ್ಪ" ಎಂದು ಸೆರಗಿನಿಂದ ಕಣ್ಣೊರೆಸಿಕೊಂಡರು. ಅದನ್ನೂ ಬರೆದುಕೊಂಡ. ಅದನ್ನು ಪರೀಕ್ಷಿಸುವುದು ಇನ್ನೂ ಕಷ್ಟ. ಆ ಮನೆಯಲ್ಲಿ ಒಬ್ಬರು ಇಲ್ಲವಾದರು ಎಂದರು, ಇನ್ನೊಬ್ಬರು ಕಣ್ಮುಚ್ಚಿದರು ಎಂದರು. ಕಣ್ಣು ಎಲ್ಲರೂ ದಿನಾ ಮುಚ್ಚುತ್ತಾರೆ. ಸತ್ತರು ಎಂಬ ಸರಳ ಮಾತೊಂದನ್ನು ಬಿಟ್ಟು ಭಾಷೆಯಲ್ಲಿದ್ದ ಮಾತೆಲ್ಲ ಬಂದುಹೋದವು.

ಕೊನೆಗೆ ಮೇಷ್ಟ್ರ ಹೆಂಡತಿಯೇ ಗೋಡೆಗೆ ಒರಗಿ ಕೂತಲ್ಲಿಂದ ಅವನನ್ನು ಕರೆದು ಪಕ್ಕ ಕೂರಿಸಿಕೊಂಡರು.

"ಏನು ಬೇಕು ಮಗು?"

"ಅಮ್ಮಾ, ಕೊನೇ ಗಳಿಗೆಯಲ್ಲಿ ನೀವು ಹತ್ತಿರ ಇದ್ರಾ?"

ನಾದಿನಿ ಎದೆ ಎದೆ ಬಡಿದುಕೊಂಡು, "ಇದೇನು ಕೇಳೋ ಮಾತಾ?" ಎಂದು ಕೂಗಿದರು. ಪೋಸ್ಟ್‌ಮಾಸ್ಟರು ಕುರ್ಚಿಯಿಂದ ಅರ್ಧ ಎದ್ದರು. ಅಮ್ಮನವರು ಮಾತ್ರ ಶಾಂತವಾಗಿದ್ದರು.

"ಇರಲಿಲ್ಲಪ್ಪ. ಸೋಮವಾರ ರಾತ್ರಿ ಅವರೇ ಬೈದು ಮನೆಗೆ ಕಳಿಸಿದ್ರು, ಹೋಗಿ ಮಲಕ್ಕೋ, ನಿನ್ನ ಮುಖ ನೋಡೋಕಾಗಲ್ಲ ಅಂತ. ಮಂಗಳವಾರ ಬೆಳಗಿನ ಜಾವ ನಿದ್ದೆಯಲ್ಲೇ ಹೋದ್ರು ಅಂತ ಆಸ್ಪತ್ರೆಯವರು ಹೇಳಿದ್ರು. ರಾತ್ರಿಯೆಲ್ಲ ನೆಮ್ಮದಿಯಾಗಿ ಮಲಗಿದ್ರಂತೆ. ಅದೊಂದೇ ನಂಗೆ ಸಮಾಧಾನ."

ಮೇಷ್ಟ್ರನ್ನು ಟಿಪ್ಪಣಿ ನಿಜವಾಗಿಯೂ ಪ್ರೀತಿಸುತ್ತಿದ್ದ. ಆದರೆ ತಲೆಯ ಇನ್ನೊಂದು ಮೂಲೆ ಆಗಲೇ ಲೆಕ್ಕ ಹಾಕುತ್ತಿತ್ತು: ಇವರು ಕಣ್ಣಾರೆ ಕಂಡದ್ದಲ್ಲ, ಯಾರೋ ಹೇಳಿದ್ದನ್ನು ಕೇಳಿದ್ದು. ಕೇಳಿದ ಮಾತು ಸಾಕ್ಷ್ಯವಲ್ಲ. ಮೇಷ್ಟ್ರೇ ಮೇಜು ಕುಟ್ಟಿ ಕುಟ್ಟಿ ಹೇಳಿಕೊಟ್ಟ ಪಾಠ. ಅವನು ಅಮ್ಮನವರಿಗೆ ಕೈಮುಗಿದು ಆಸ್ಪತ್ರೆಗೆ ಓಡಿದ. "ಇನ್ಶೂರೆನ್ಸ್‌ನವನೇ, ನಾನು ಹೇಳಲಿಲ್ವಾ" ಎಂದು ಪೋಸ್ಟ್‌ಮಾಸ್ಟರು ಬೀದಿಗೆಲ್ಲ ಕೇಳುವಂತೆ ಹೇಳಿದರು.

ಆಸ್ಪತ್ರೆಯ ವಿಚಾರಣೆ ಕಿಟಕಿಯಲ್ಲಿ ಗುಮಾಸ್ತ ತಲೆಯೆತ್ತದೆ ಕೇಳಿದ: "ರೋಗಿಗೆ ನೀವೇನಾಗಬೇಕು?"

"ಅಡಿಟಿಪ್ಪಣಿ."

"ಅಂದ್ರೆ ತಮ್ಮನಾ?"

"ಅಲ್ಲ, ಅವರು ಈಗ ಇಲ್ಲ. ಅವರ ವಿಷಯ ಖಚಿತ ಮಾಡ್ಕೋಬೇಕಿತ್ತು."

ಗುಮಾಸ್ತ ಕೈಯನ್ನಷ್ಟೇ ಆಡಿಸಿ ಹಿಂದಿನ ಕಟ್ಟಡ ತೋರಿಸಿದ. ಅದು ಶವಾಗಾರ. ಬಾಗಿಲು ಕಾಯುತ್ತಿದ್ದವನು ಟಿಪ್ಪಣಿಯನ್ನು ಕಂಡದ್ದೇ ತಡ, ಕಳೆದುಹೋದ ನೆಂಟ ಸಿಕ್ಕಿದಂತೆ ಎದ್ದು ಬಂದ.

"ಅಂತೂ ಬಂದ್ರಲ್ಲ ಸಾರ್! ಒಂದು ವಾರದಿಂದ ಕಾಯ್ತಾ ಇದೀನಿ. ಮನೆಯವರು ಅಂತ ಒಬ್ಬರಾದ್ರೂ ಬರಬಾರದಾ?"

"ನಾನು ಅವರಿಗೆ ಏನೂ ಆಗಬೇಕಿಲ್ಲ..."

"ಎಲ್ಲರೂ ಹಾಗೇ ಅನ್ನೋದು. ಬನ್ನಿ, ಮುಖ ನೋಡಿ."

ಬೇಡ ಬೇಡ ಎನ್ನುವಷ್ಟರಲ್ಲಿ ಬಟ್ಟೆ ಸರಿದಿತ್ತು. ಯಾರೋ ಮುದುಕ. ಬಾಯಿ ಒಂದಿಷ್ಟು ತೆರೆದು, ಏನೋ ಕೇಳಲು ಹೊರಟು ಮರೆತಂತಿದ್ದ. ಯಾರ ಲೆಕ್ಕಕ್ಕೂ ಬಾರದೆ ಮಲಗಿದ್ದ ಆ ಮುದುಕನನ್ನು ಕಂಡು, ಯಾಕೋ ತನ್ನನ್ನೇ ಕಂಡಂತೆ ಟಿಪ್ಪಣಿಗೆ ಅಳು ಬಂತು. ಅಳು ನೋಡಿದ ಕಾವಲಿನವನಿಗೆ ಗುಮಾನಿಯೇ ಉಳಿಯಲಿಲ್ಲ. "ಸಮಾಧಾನ ಮಾಡ್ಕೊಳ್ಳಿ ಸಾರ್. ಇಲ್ಲೊಂದು ಸಹಿ ಹಾಕಿ, ತಗೊಂಡು ಹೋಗಿ" ಎಂದು ಹೆಣವಿದ್ದ ಗಾಡಿಯನ್ನು ಅವನತ್ತ ತಳ್ಳಿದ. ಗಾಡಿಯ ಒಂದು ಚಕ್ರ ಕಿರುಗುಟ್ಟುತ್ತ ಬೆನ್ನಟ್ಟಿತು. ಟಿಪ್ಪಣಿ ಹಿಂದೆ ಹಿಂದೆ ಸರಿದು, ತಿರುಗಿ, ಮೆಟ್ಟಿಲು ಹತ್ತಿ ಓಡಿದ. "ಹೆತ್ತವರನ್ನೇ ಬಿಟ್ಟು ಓಡ್ತಾನೆ ನೋಡಿ!" ಎಂಬ ಕೂಗಿಗೆ ಹೊರರೋಗಿಗಳೆಲ್ಲ ತಿರುಗಿ ನೋಡಿದರು. ಒಬ್ಬ ಅಜ್ಜಿ ಶಾಪವನ್ನೂ ಹಾಕಿದಳು.

ಓಡಿ ನಿಂತದ್ದು ಮೇಷ್ಟ್ರು ಮಲಗಿದ್ದ ವಾರ್ಡಿನಲ್ಲೇ. ಅಲ್ಲಿ ವಯಸ್ಸಾದ ನರ್ಸೊಬ್ಬರು ಹಾಸಿಗೆಯ ಬಟ್ಟೆ ಬದಲಿಸುತ್ತಿದ್ದರು. ಟಿಪ್ಪಣಿ ಏದುಸಿರು ಬಿಡುತ್ತಲೇ ಕೇಳಿದ.

"ಕಾಲೇಜು ಮೇಷ್ಟ್ರಾ? ನನ್ನ ಕೈಯಲ್ಲೇ ಸತ್ತರು" ಎಂದರು ನರ್ಸು.

ಬೆಳಗಿನಿಂದ ಹುಡುಕುತ್ತಿದ್ದ ಮಾತು! ಟಿಪ್ಪಣಿಗೆ ಅವರ ಕೈ ಹಿಡಿದುಕೊಳ್ಳುವಷ್ಟು ಸಂತೋಷವಾಯಿತು. "ಮಂಗಳವಾರ ತಾನೆ ಸಿಸ್ಟರ್?"

"ಸೋಮವಾರ ರಾತ್ರಿ. ಹೆಂಡತಿ ಮನೆಗೆ ಹೊರಟು ಅರ್ಧ ಗಂಟೆ ಆಗಿರಲಿಲ್ಲ. ನಿದ್ದೆಯಲ್ಲೇನೂ ಅಲ್ಲ, ಅವರನ್ನೇ ಕರೀತಾ ಇದ್ರು. ಇದನ್ನ ಆಯಮ್ಮನಿಗೆ ಹೇಳೋದು ಹೇಗೆ? ಬೆಳಗಿನ ಜಾವ ನಿದ್ದೆಯಲ್ಲೇ ಅಂದೆ. ಕಾಗದದಲ್ಲಿ ಸರಿಯಾಗೇ ಬರೆದಿದೀನಿ. ಅದು ಅವರ ಕೈ ಸೇರೋ ಹೊತ್ತಿಗೆ ದುಃಖ ಸ್ವಲ್ಪ ಹಳೇದಾಗಿರುತ್ತೆ."

ಯಾರಾದರೂ ಮನುಷ್ಯರಾದವರು ಅಲ್ಲಿಗೆ ಸುಮ್ಮನಾಗಿ, ಮಂಗಳವಾರವೇ ಇರಲಿ ಎಂದು ಮನೆಗೆ ಹೋಗುತ್ತಿದ್ದರು. ಟಿಪ್ಪಣಿಯ ಎದೆಯಲ್ಲೂ ಏನೋ ಚುರುಕ್ ಎಂದಿತು. ಆದರೆ ಅದರ ಹಿಂದೆಯೇ ಬೇರೊಂದು ಖುಷಿ ಉಕ್ಕಿ ಬಂತು. ಪ್ರಾಂಶುಪಾಲರ ತಪ್ಪು ಸಿಕ್ಕಿಬಿಟ್ಟಿತ್ತು! ಇಷ್ಟು ವರ್ಷ ಅಲ್ಪವಿರಾಮ ಹುಡುಕಿದವನ ಬಲೆಗೆ ಇವತ್ತು ಇಡೀ ಒಂದು ದಿನವೇ ಬಿದ್ದಿತ್ತು. ನರ್ಸು ಹೇಳಿದ್ದನ್ನು ಅಕ್ಷರ ಬಿಡದೆ ಬರೆದುಕೊಂಡು, ಅವರ ಒಪ್ಪಿಗೆಯನ್ನೂ ಕೇಳಲು ಮರೆತು, ಅವನು ಕಾಲೇಜಿಗೆ ಹಾರಿ ಬಂದ.

ಪುರಾವೆ ಅಕ್ಕ ಓದಿದಳು. ಇನ್ನೊಮ್ಮೆ ಓದಿದಳು. ಆಸ್ಪತ್ರೆಗೆ ಫೋನು ಮಾಡಿ ಕೇಳಿಯೂ ಬಿಟ್ಟಳು. ಅಲ್ಲಿಯೂ ಸೋಮವಾರ ರಾತ್ರಿ ಎಂದೇ ಹೇಳಿದರು. ಆಮೇಲೆ ಅವಳ ಮುಖದಲ್ಲಿ ಯಾರೂ ಕಂಡಿರದ ಒಂದು ನಗು ಕಾಣಿಸಿತು.

"ಶಹಬ್ಬಾಸ್ ಕಣೋ. ಇದು ಕೆಲಸ ಅಂದ್ರೆ. ಪ್ರಾಂಶುಪಾಲರನ್ನೇ ತಿದ್ದಿಬಿಟ್ಟೆ."

ಅವಳು ಮಂಗಳವಾರವನ್ನು ಹೊಡೆದುಹಾಕಿ ಸೋಮವಾರ ಎಂದು ಬರೆದಳು. ಕೆಳಗೆ ನರ್ಸಿನ ಮಾತು ಇದ್ದಹಾಗೇ ಕೂತಿತು. ಟಿಪ್ಪಣಿ ಕುರ್ಚಿಯಲ್ಲಿ ಹಿಂದಕ್ಕೊರಗಿ ಕಾಲು ಚಾಚಿದ. ವಕೀಲರ ಆಫೀಸಿನ ಕುರ್ಚಿ ಇದಕ್ಕಿಂತ ಮೆತ್ತಗಿರುತ್ತದೆ ಎಂದುಕೊಂಡ.

ಪ್ರೆಸ್ಸಿಗೆ ಕಳಿಸುವ ಮುನ್ನ ಅಕ್ಕ ಎಲ್ಲ ಲೇಖನಗಳನ್ನೂ ಕೊನೆಯ ಸಲ ತಿರುವಿಹಾಕಿದಳು. ಟಿಪ್ಪಣಿಯ ಲೇಖನದ ಕೊನೆಯ ಪುಟಕ್ಕೆ ಬಂದು ನಿಂತಳು.

"ಇದು ಮೇಷ್ಟ್ರ ಸಹಿ ತಾನೆ?"

"ಹೌದು."

"ಕೆಳಗಿನ ತಾರೀಖು ಓದು."

ಓದಿದ. ಮಂಗಳವಾರದ್ದು.

ಮೇಲೆ ಮೆಟ್ಟಿಲಿನಲ್ಲಿ ಯಾರೋ ಓಡಿದರು. ಟಿಪ್ಪಣಿಯ ತಲೆಯ ಮೇಲೆ ಸುಣ್ಣ ಉದುರಿತು, ಒರೆಸಿಕೊಳ್ಳಲಿಲ್ಲ.

"ಅಯ್ಯೋ, ಸೋಮವಾರ ಸಂಜೆಯೇ ಹಾಕಿದ್ದು ಕಣೇ! ನಾನೇ ಪೆನ್ನು ಕೊಟ್ಟೆ. ಕಚೇರಿ ಮುಚ್ಚಿದ ಮೇಲೆ ಬಂದ ಕಾಗದ ಮರುದಿನದ್ದು ಅಂತಲೇ ಲೆಕ್ಕ ಕಣಪ್ಪ ಅಂತ ಅವರೇ ಮಂಗಳವಾರದ ತಾರೀಖು ಬರೆದ್ರು. ನಿಯಮ ಅಂದ್ರೆ ಪ್ರಾಣ ಅವರಿಗೆ."

"ಇದಕ್ಕೆ ಪುರಾವೆ?"

"ನಾನೇ ಕಣ್ಣಾರೆ ನೋಡಿದೀನಲ್ಲ!"

"ಲೇಖನ ನಿಂದು. ಲಾಭ ಇರೋವನ ಸಾಕ್ಷಿ ನಡೆಯಲ್ಲ." ಅವಳ ದನಿಯಲ್ಲಿ ನಿಜವಾದ ಬೇಸರವಿತ್ತು. "ಸತ್ತ ಮಾರನೇ ದಿನ ಹಾಕಿದ ಸಹಿ ಅಂತ ನಮ್ಮ ಪತ್ರಿಕೆಯೇ ಹೇಳ್ತಿದೆ. ನಾನು ಏನು ಮಾಡಲಿ?"

ಆಗ ಟಿಪ್ಪಣಿಗೆ ಬೆಳಗಿನಿಂದ ಬಾರದ ಕರುಣೆ ಒಮ್ಮೆಲೇ ಬಂತು. "ಪಾಪ ಅಮ್ಮನವರು! ಅವರ ಸಮಾಧಾನ ಯಾಕೆ ಕೆಡಿಸಬೇಕು? ಮಂಗಳವಾರ ಅಂತಲೇ ಇರಲಿ. ಮನುಷ್ಯತ್ವ ಬೇಡವಾ?"

"ಮಂಗಳವಾರಕ್ಕೆ ಪುರಾವೆ ಇಲ್ಲವಲ್ಲೋ. ನೀನೇ ಬೀಳಿಸಿದ್ದು."

ಅವನು ಪ್ರಾಂಶುಪಾಲರ ಕೋಣೆಗೆ ಓಡಿದ. ತಮ್ಮ ವಾಕ್ಯವನ್ನು ತಿದ್ದಿದವನು ಯಾರೆಂದು ಅವರಿಗೆ ಆಗಲೇ ತಿಳಿದಿತ್ತು. "ನಾನು ಮಂಗಳವಾರ ಅಂತಲೇ ಬರೆದಿದ್ದೆನಲ್ಲಪ್ಪ" ಎಂದಷ್ಟೇ ಹೇಳಿ ಕನ್ನಡಕ ಒರೆಸತೊಡಗಿದರು.

ವಾಪಸು ಬರುವಾಗ ಅವನ ಲೇಖನ ಕಟ್ಟಿನಿಂದ ಹೊರಬಂದು ಮೇಜಿನ ತುದಿಯಲ್ಲಿ ಕೂತಿತ್ತು. ಪ್ರೆಸ್ಸಿನವನು ಉಳಿದದ್ದನ್ನು ಚೀಲಕ್ಕೆ ತುಂಬಿಕೊಂಡು ಹೋದ. ಅಕ್ಕ ಕೆಂಪು ಪೆನ್ನಿಗೆ ಮುಚ್ಚಳ ಹಾಕಿದಳು.

"ಮೊದಲನೇ ಪ್ರತಿ ಮೇಷ್ಟ್ರ ಮನೆಗೆ ಕೊಡಬೇಕಂತೆ, ಪ್ರಾಂಶುಪಾಲರು ಹೇಳಿದ್ರು. ಅಚ್ಚಾಗಿ ಬಂದ ಕೂಡಲೇ ನೀನೇ ಕೊಟ್ಟು ಬಾ, ನಿಂಗೆ ಅಮ್ಮನವರ ಪರಿಚಯ ಇದೆ. ಅಡಿಟಿಪ್ಪಣಿ ಸಣ್ಣಕ್ಷರದಲ್ಲಿರುತ್ತೆ, ಅವರ ವಯಸ್ಸಿಗೆ ಕಾಣಿಸಲ್ಲ. ಪಕ್ಕದಲ್ಲಿ ಕೂತು ಓದಿ ಹೇಳು."