ಯಾರೂ ಮುಟ್ಟದೆ ಮುರಿದ ಬೋಲ್ಟುಗಳು

ಕಬ್ಬಿಣದ ಜೊತೆ ಬಾಳುವೆ ಮಾಡುವವರಿಗೆ ಇಂಥವು ಆಗುತ್ತಲೇ ಇರುತ್ತವೆ. ಈ ಸಂಗತಿಯನ್ನು ನನಗೆ ಮೊಟ್ಟಮೊದಲು ಹೇಳಿದವರು ನಮ್ಮ ಕಾರ್ಖಾನೆಯ ಸ್ಟೋರು ನೋಡಿಕೊಳ್ಳುತ್ತಿದ್ದ ಅಕ್ಕ. ಮಾಕಳಿಯ ಹಳೆಯ ಮನೆತನದವರು. ಪೀಣ್ಯದ ನೆತ್ತಿಯ ಮೇಲೆ ಮೇಲ್ಸೇತುವೆ ಏಳುತ್ತಿದ್ದ ಕಾಲ ಅದು. ಪೀಣ್ಯ ದಾಟಿ, ಮಾಕಳಿ ಹತ್ತಿರ, ಅವರ ಮನೆಯವರು ಮಾರಿದ ಜಮೀನಿನಲ್ಲೇ ನಮ್ಮ ಕಾರ್ಖಾನೆ ಎದ್ದಿತ್ತು.

ನಾವು ಮಾಡುತ್ತಿದ್ದದ್ದು ಕ್ರೇನಿಗೆ ಬೇಕಾದ ಕ್ಲಾಂಪು. ಎರಡು ದಪ್ಪ ಕಬ್ಬಿಣದ ಪಟ್ಟಿ, ಅವನ್ನು ಬಿಗಿದು ಹಿಡಿಯುವ ನಾಲ್ಕು ಗಟ್ಟಿ ಬೋಲ್ಟು, ಅಷ್ಟೆ. ಬೋಲ್ಟು ತುಕ್ಕು ಹಿಡಿಯದಿರಲಿ ಎಂದು ಅದಕ್ಕೆ ಸತುವಿನ ಲೇಪ ಕೊಟ್ಟು, ಆಮೇಲೆ ಓವನ್ನಿನ ಬಿಸಿಯಲ್ಲಿಟ್ಟು ಬೇಯಿಸುತ್ತಿದ್ದೆವು. ನಾನು ಪರೀಕ್ಷೆ ಕೋಣೆಯವನು. ಬೋಲ್ಟನ್ನು ಮಿಷನ್ನಿಗೆ ಕೊಟ್ಟು ಎಳೆದು, ಮುರಿದು, ಅದು ಎಷ್ಟು ಭಾರ ತಡೆಯಿತು ಎಂದು ಬರೆದಿಡುವುದು ನನ್ನ ಕೆಲಸ.

ಇದನ್ನು ಕೇಳಿದವರು ನಗುತ್ತಾರೆ. ನಾನೂ ನಗುತ್ತೇನೆ. ಆದರೆ ಆ ಒಂದು ವಾರ, ಲೇಪದ ತೊಟ್ಟಿ ನೋಡಿಕೊಳ್ಳುತ್ತಿದ್ದ ಯಾದಗಿರಿ ಕಡೆಯ ಒಬ್ಬ ಬಡವನ ಕೆಲಸ ಹೋಗುವುದರಲ್ಲಿತ್ತು. ಅದನ್ನು ನೆನೆದರೆ ನಗು ಅರ್ಧಕ್ಕೇ ನಿಲ್ಲುತ್ತದೆ.

೧. ಅಡಕತ್ತರಿ

ದಸರಾ ರಜೆ ಮುಗಿದು ಕಾರ್ಖಾನೆ ಮತ್ತೆ ಶುರುವಾಗಿ ಒಂದು ವಾರವಾಗಿತ್ತು. ಮಧ್ಯಾಹ್ನದ ಊಟದ ಗಂಟೆ ಹೊಡೆದು, ಮಿಷನ್ನುಗಳೆಲ್ಲ ನಿಂತು, ಕಿವಿಯಲ್ಲಿ ಬರೀ ಗುಂಯ್ ಎನ್ನುವ ಹೊತ್ತು. ಅಕ್ಕ ನನ್ನ ಕೋಣೆಯ ಬಾಗಿಲಲ್ಲಿ ಬಂದು ನಿಂತರು. ಬುತ್ತಿ ಕೈಯಲ್ಲೇ ಇತ್ತು, ಬಿಚ್ಚಿರಲಿಲ್ಲ. ಸ್ಟೋರಿನಲ್ಲಿ ಯಾರೋ ಅಡಿಕೆ ಕತ್ತರಿಸುತ್ತಿದ್ದಾರೆ ಎಂದರು.

ಯಾರು ಎಂದು ಕೇಳಿದೆ.

"ಯಾರೂ ಇಲ್ಲ ಸಾರ್. ಅದನ್ನೇ ನಾನು ಯೋಳ್ತಿರೋದು."

ಆಮೇಲೆ ಬಿಡಿಸಿ ಹೇಳಿದರು. ಈಗ ಸ್ಟೋರು ಇರುವ ಜಾಗದಲ್ಲಿ ಮೊದಲು ಅವರ ಮನೆಯ ಕಣ ಇತ್ತಂತೆ. ಅವರ ಅತ್ತೆ ರಾಗಿ ರಾಶಿ ಕಾಯುತ್ತ ದಿನವಿಡೀ ಅಲ್ಲೇ ಕೂರುತ್ತಿದ್ದರಂತೆ, ಕೈಯಲ್ಲಿ ಅಡಕತ್ತರಿ. ಜಮೀನು ಮಾರುವ ಮೊದಲೇ ತೀರಿಕೊಂಡರು. ಈಗ ಮೂರು ದಿನದಿಂದ, ಮಿಷನ್ನು ನಿಂತ ಕೂಡಲೇ 'ಟಕ್' ಎಂದು ಒಂದು ಸದ್ದು. ಸ್ವಲ್ಪ ಹೊತ್ತು ಬಿಟ್ಟು ಇನ್ನೊಂದು.

ಅಕ್ಕನ ಜೊತೆ ಹೋಗಿ ನೋಡಿದೆ. ತಗಡಿನ ಚಾವಣಿಯಿಂದ ಬಿಸಿಲು ಸೋರುತ್ತಿತ್ತು. ಗೂಡುಗಳಲ್ಲಿ ಕ್ಲಾಂಪುಗಳು ಸಾಲಾಗಿ, ಮಲಗಿಸಿದ ಹಾಗೆ ಇದ್ದವು. ನೆಲದ ಮೇಲೆ ಒಂದು ಬೋಲ್ಟಿನ ತಲೆ ಬಿದ್ದಿತ್ತು, ಕತ್ತರಿಸಿದಷ್ಟು ನೇರವಾಗಿ ಮುರಿದಿತ್ತು. ಬಗ್ಗಿ ಎತ್ತಿಕೊಂಡೆ. ಅಂಗೈಯಲ್ಲಿ ತಣ್ಣಗಿತ್ತು. ಅಷ್ಟರಲ್ಲಿ ನನ್ನ ಬೆನ್ನ ಹಿಂದೆ, ಸರಿಯಾಗಿ ಕಿವಿಯ ಎತ್ತರದಲ್ಲಿ, ಟಕ್.

ತಿರುಗಿದೆ. ಒಂದು ಕ್ಲಾಂಪಿನ ನಾಲ್ಕು ತಲೆಗಳಲ್ಲಿ ಒಂದು ಮೆಲ್ಲಗೆ ವಾಲಿತು. ನಾನು ನೋಡುತ್ತಿದ್ದ ಹಾಗೆಯೇ ಜಾರಿ ಕೆಳಗೆ ಬಿತ್ತು. ಯಾರೂ ಮುಟ್ಟಿರಲಿಲ್ಲ. ಗಾಳಿ ಕೂಡ ಇರಲಿಲ್ಲ. ನನ್ನ ಬಾಯಿಗೆ ತಾನಾಗಿ ದೇವರ ನಾಮ ಬಂತು.

ಧೈರ್ಯಕ್ಕೆ ಏನಾದರೂ ಮಾತಾಡಬೇಕಲ್ಲ, ನಿಮ್ಮ ಅತ್ತೆ ತುಂಬ ಕೋಪಿಷ್ಠರೇ ಎಂದು ಕೇಳಿದೆ.

"ಕೋಪ ಏನಿಲ್ಲ ಸಾರ್. ಅಡಿಕೆ ಕತ್ತರಿಸಿ ಆಯ್ತು ಅಂದ್ರೆ, ಸುಣ್ಣ ತತ್ತಾ ಅಂತ ನನ್ನನ್ನೇ ಕೂಗೋರು. ಈಗ ಕೂಗುದ್ರೆ ಈ ಕಾರ್ಖಾನೇಲಿ ಸುಣ್ಣಕ್ಕೆ ನಾನು ಎಲ್ಲಿಗೋಗ್ಲಿ?"

೨. ಪಾಸಾದ ಬೋಲ್ಟು

ದೇವರನ್ನು ನಂಬುವವನಾದರೂ ಪರೀಕ್ಷೆ ಮಾಡದೆ ಬಿಡುವುದು ನನ್ನ ಕೆಲಸಕ್ಕೆ ಒಗ್ಗದು. ಮುರಿದದ್ದರ ಜೊತೆಗೇ ಲೇಪವಾದ, ಅದೇ ಕಂತಿನ ಹತ್ತು ಬೋಲ್ಟು ತಂದು ಮಿಷನ್ನಿಗೆ ಕೊಟ್ಟು ಎಳೆದೆ. ಹತ್ತಕ್ಕೆ ಹತ್ತೂ ಪಾಸು. ಬೇಕಾದ ಭಾರವನ್ನೆಲ್ಲ ಹೊತ್ತು, ಅದರ ಮೇಲೂ ಒಂದಿಷ್ಟು ಹೊತ್ತು, ಆಮೇಲೆ ಮುರಿದವು.

ತಾನಾಗಿ ಮುರಿದದ್ದನ್ನು ಭೂತಗನ್ನಡಿಯಲ್ಲಿ ನೋಡಿದೆ. ಒಳ್ಳೆಯ ಉಕ್ಕು ಎಳೆದಾಗ ಉದ್ದವಾಗುತ್ತದೆ, ಸೊಂಟ ಸಣ್ಣದಾಗುತ್ತದೆ, ಒದ್ದಾಡಿಯೇ ಪ್ರಾಣ ಬಿಡುತ್ತದೆ. ಇದರಲ್ಲಿ ಒದ್ದಾಡಿದ ಗುರುತೇ ಇಲ್ಲ. ಮುರಿದ ಮುಖ ಒಡೆದ ಕಲ್ಲುಸಕ್ಕರೆಯ ಹಾಗೆ ಹರಳು ಹರಳಾಗಿ ಮಿನುಗುತ್ತಿತ್ತು. ನಿದ್ದೆಯಲ್ಲೇ ಹೋದವರ ಮುಖ ನೋಡಿದ ಹಾಗಾಯಿತು.

ಕಾರ್ಖಾನೆಯ ಯಜಮಾನರು ಬಂದರು. ಅಷ್ಟು ಹೊತ್ತಿಗೆ ಮೇಸ್ತ್ರಿ ಅವರ ಕಿವಿಗೆ ಒಂದು ಮಾತು ಹಾಕಿ ಆಗಿತ್ತು. ಉಕ್ಕು ಅದೇ, ಮಿಷನ್ನು ಅದೇ, ಬದಲಾದದ್ದು ತೊಟ್ಟಿಯ ಆಳು ಮಾತ್ರ. ಯಾದಗಿರಿಯವನು ಸೇರಿ ಒಂದು ತಿಂಗಳಾಗಿದೆ, ಅವನ ಕಾಲ್ಗುಣ ಸರಿಯಿಲ್ಲ, ಇಲ್ಲವೇ ಕೈ ಸರಿಯಿಲ್ಲ ಎಂದು. ಶನಿವಾರದೊಳಗೆ ಕಾರಣ ಸಿಗದಿದ್ದರೆ ಅವನನ್ನು ಕಳಿಸಿಬಿಡುವುದು ಎಂದು ತೀರ್ಮಾನವಾಯಿತು. ಅವನ ಹೆಂಡತಿ ಮೇಲ್ಸೇತುವೆಯ ಕೆಲಸದಲ್ಲಿ ಜಲ್ಲಿ ಹೊರುತ್ತಿದ್ದಳು. ಇಬ್ಬರೂ ಒಂದೇ ಕೋಣೆಯ ಬಾಡಿಗೆ ಮನೆಯಲ್ಲಿದ್ದರು.

ಯಜಮಾನರು ನನ್ನ ವರದಿಯನ್ನು ಎರಡು ಸಲ ಓದಿದರು. ಎಳೆದರೆ ಮುರಿಯದ್ದು ಸುಮ್ಮನಿಟ್ಟರೆ ಮುರಿಯುತ್ತದೆಯೇ ಎಂದು ಕೇಳಿದರು. ಸದ್ಯಕ್ಕೆ ಹಾಗೆಯೇ ಕಾಣುತ್ತದೆ ಎಂದೆ. ವರದಿಯನ್ನು ಮಡಿಸಿ ನನ್ನ ಕೈಗೇ ಕೊಟ್ಟರು.

"ಹಾಗಾದ್ರೆ ಗಿರಾಕಿಗೆ ಒಂದು ಕಾಗದ ಬರೀರಿ. ದಯವಿಟ್ಟು ಇದನ್ನ ಸುಮ್ಮನೆ ಇಡಬೇಡಿ ಅಂತ."

೩. ಖಡಕ್ ರೊಟ್ಟಿ

ಮೇಸ್ತ್ರಿಗೆ ದೆವ್ವದಲ್ಲಿ ನಂಬಿಕೆ ಇರಲಿಲ್ಲ, ಮನುಷ್ಯರ ಕಿಡಿಗೇಡಿತನದಲ್ಲಿ ಪೂರ್ತಿ ನಂಬಿಕೆ ಇತ್ತು. ಲೇಪದವನೇ ಕದ್ದು ಬಂದು ಮುರಿಯುತ್ತಿದ್ದಾನೆ, ಕಣ್ಣೆದುರಿಗೇ ಕೂರಿಸಿಕೊಂಡರೆ ಸದ್ದು ನಿಲ್ಲುತ್ತದೆ ಎಂದ. ಹೀಗಾಗಿ ಗುರುವಾರ ನಾಲ್ಕು ಜನ ಸ್ಟೋರಿನಲ್ಲೇ ಊಟಕ್ಕೆ ಕೂತೆವು. ಬಾಗಿಲಿಗೆ ಚಿಲಕ. ಯಾರೂ ಮಾತಾಡಬಾರದು ಎಂದು ಮೇಸ್ತ್ರಿಯ ಅಪ್ಪಣೆ.

ಅಕ್ಕನಿಗೂ ಮೇಸ್ತ್ರಿಗೂ ಮುದ್ದೆ. ಅಗಿಯುವ ಹಾಗಿಲ್ಲ, ನುಂಗುವುದಷ್ಟೇ. ನನ್ನದು ಮೊಸರನ್ನ, ಅದಕ್ಕೂ ಸದ್ದಿಲ್ಲ. ಚಾವಣಿಯ ತಗಡು ಬಿಸಿಲಿಗೆ ಹಿಗ್ಗುವುದು ಕೂಡ ಕೇಳುವಷ್ಟು ಮೌನ. ಎಲ್ಲರೂ ಕಿವಿಯನ್ನು ಗೂಡಿನ ಕಡೆ ಇಟ್ಟು ತುತ್ತು ಇಳಿಸುತ್ತಿದ್ದೆವು.

ಫಟ್.

ಅಕ್ಕ ಗೋಡೆಗೆ ಒರಗಿಬಿಟ್ಟರು. ಮೇಸ್ತ್ರಿಯ ಮುದ್ದೆ ಗಂಟಲಲ್ಲಿ ನಿಂತು ಕಣ್ಣು ಹೊರಗೆ ಬಂತು. ನೋಡಿದರೆ ಯಾದಗಿರಿಯವನು ಖಡಕ್ ಜೋಳದ ರೊಟ್ಟಿಯನ್ನು ಮುರಿದಿದ್ದ. ತಪ್ಪಾಯಿತು ಎನ್ನುವ ಮುಖ ಮಾಡಿ ಚೂರನ್ನು ಬಾಯಿಗೆ ಹಾಕಿಕೊಂಡ. ಅಗಿಯತೊಡಗಿದ ಮೇಲೆ ಅದು ಬೇರೆಯೇ ಕಥೆ. ಕರಂ ಕರಂ ಎಂದು ಸ್ಟೋರಿಗೆ ಸ್ಟೋರೇ ತುಂಬಿತು. ಮೇಸ್ತ್ರಿ ಕೈಸನ್ನೆಯಲ್ಲೇ, ಅಗಿಯುವುದು ನಿಲ್ಲಿಸು ಎಂದ. ಆ ಪುಣ್ಯಾತ್ಮ ಬಾಯಲ್ಲಿ ರೊಟ್ಟಿ ಇಟ್ಟುಕೊಂಡೇ ಬೊಂಬೆಯ ಹಾಗೆ ಕೂತ.

ಆಗ ಬಂತು ನಿಜವಾದದ್ದು. ಟಕ್. ಮೇಲಿನ ಗೂಡಿನಲ್ಲಿ. ಸ್ವಲ್ಪ ಹೊತ್ತಿಗೆ ಕೆಳಗಿನ ಗೂಡಿನಲ್ಲಿ, ನನ್ನ ಬುತ್ತಿಯಿಂದ ಒಂದು ಮೊಳ ದೂರದಲ್ಲಿ, ಇನ್ನೊಂದು. ಬಿದ್ದ ತಲೆ ಉರುಳುತ್ತ ಬಂದು ಅಕ್ಕನ ಕಾಲಬೆರಳಿಗೆ ತಾಗಿ ನಿಂತಿತು. ಅಕ್ಕ ಅದನ್ನೇ ನೋಡುತ್ತ ಕೈ ಜೋಡಿಸಿದರು. ನನ್ನ ಕೈಯ ತುತ್ತು ಹಾಗೆಯೇ ಒಣಗಿತು.

ಇನ್ನಾದರೂ ಒಪ್ಪಿಕೊಳ್ಳಿ, ಅವನು ನಮ್ಮೆದುರಿಗೇ ಇದ್ದನಲ್ಲ ಎಂದು ಮೇಸ್ತ್ರಿಗೆ ಹೇಳಿದೆ.

"ಅದೇ ನೋಡಿ ಸಾರ್," ಎಂದ ಮೇಸ್ತ್ರಿ, "ಇವ್ನು ಅಗೀತಿರೋವರ್ಗೂ ಒಂದೂ ಮುರೀಲಿಲ್ಲ. ಬಾಯಿ ನಿಲ್ಸಿದ ತಕ್ಷಣ ಶುರುವಾಯ್ತು."

೪. ತಟ್ಟೆಗೆ ಬಿದ್ದ ದಕ್ಷಿಣೆ

ಶುಕ್ರವಾರ ಸ್ಟೋರಿನಲ್ಲಿ ಒಂದು ಪೂಜೆ ಆಗಲಿ ಎಂದು ಯಜಮಾನರೇ ಹೇಳಿದರು. ಕಾರ್ಖಾನೆಯ ಪೂಜೆಗಳೆಲ್ಲ ನನ್ನ ಪಾಲಿಗೇ ಬರುತ್ತಿದ್ದವು. ಬೆಳಿಗ್ಗೆ ಮಡಿಯುಟ್ಟು ಬಂದು, ಗೂಡುಗಳ ಎದುರು ನೆಲ ಸಾರಿಸಿ, ದೀಪ ಹಚ್ಚಿ ಕೂತೆ. ಹಿಂದೆ ಯಜಮಾನರು, ಮೇಸ್ತ್ರಿ, ಅಕ್ಕ, ಮಿಕ್ಕವರು ಸಾಲಾಗಿ ನಿಂತರು. ಲೇಪದವನನ್ನು ಎಲ್ಲರಿಗಿಂತ ಹಿಂದೆ ನಿಲ್ಲಿಸಿದ್ದರು.

ಮಿಷನ್ನುಗಳನ್ನು ನಿಲ್ಲಿಸಿದ್ದರಿಂದ ಮತ್ತೆ ಅದೇ ಮೌನ. ನನ್ನ ಸ್ತೋತ್ರದ ನಡುವೆ ಉಸಿರು ತೆಗೆದುಕೊಂಡಾಗಲೆಲ್ಲ, ಆ ಸಂದಿಯಲ್ಲಿ ಏನೋ ಕಾಯುತ್ತಿದೆ ಎನ್ನಿಸುತ್ತಿತ್ತು. ಅದಕ್ಕೇ ಉಸಿರು ಬಿಡದ ಹಾಗೆ ಹೇಳುತ್ತ ಹೋದೆ. ಮಂಗಳಾರತಿಗೆ ಕಣ್ಣು ಮುಚ್ಚಿಕೊಂಡು ತಟ್ಟೆ ಎತ್ತಿದೆ.

ತಟ್ಟೆಯಲ್ಲಿ ಠಣ್ ಎಂದಿತು. ಯಜಮಾನರು ದಕ್ಷಿಣೆ ಹಾಕಿದರು ಎಂದುಕೊಂಡೆ. ತೂಕ ಕೈಗೆ ತಿಳಿಯಿತು, ನಾಣ್ಯ ಸಾಕಷ್ಟು ದೊಡ್ಡದೇ ಇರಬೇಕು. ಕಣ್ಣು ತೆರೆಯದೆಯೇ, ಒಳ್ಳೆಯದಾಗಲಿ ಎಂದು ಹರಸಿದೆ.

ಕಣ್ಣು ಬಿಟ್ಟೆ. ಕರ್ಪೂರ ಆರಿಹೋಗಿತ್ತು. ಕುಂಕುಮದ ನಡುವೆ ಬೋಲ್ಟಿನ ತಲೆಯೊಂದು ಕೂತಿತ್ತು, ಮುರಿದ ಮುಖ ನನ್ನ ಕಡೆಗೆ. ತಿರುಗಿ ನೋಡಿದರೆ ಹಿಂದೆ ಒಬ್ಬರೂ ಇಲ್ಲ. ಯಜಮಾನರ ಚಪ್ಪಲಿ ಬಾಗಿಲಲ್ಲೇ ಇತ್ತು, ಯಜಮಾನರು ಇರಲಿಲ್ಲ. ಯಾದಗಿರಿಯವನೊಬ್ಬ ಮಾತ್ರ ನಿಂತಲ್ಲೇ ನಿಂತು ಕೈ ಚಾಚಿದ್ದ.

"ನಾಳಿಂದ ಕೆಲಸ ಅಂತೂ ಇರಂಗಿಲ್ರಿ ಸರ್. ಪ್ರಸಾದ ಆದ್ರೂ ಕೊಡ್ರಿ."

೫. ಒಲೆ ಆರಿಸಿದವರು

ಹೊಸ್ತಿಲ ಮೇಲೆ ಇಬ್ಬರೂ ಕೂತು ಪ್ರಸಾದದ ಕೋಸಂಬರಿ ತಿಂದೆವು. ತಿನ್ನುತ್ತ ಕೇಳಿದೆ, ಈ ಕಂತಿಗೆ ನೀನು ಏನೇನು ಮಾಡಿದೆ, ಮೊದಲಿಂದ ಹೇಳಪ್ಪ ಎಂದು. ಅಲ್ಲಿಯವರೆಗೆ ಅವನನ್ನು ಯಾರೂ ಅದನ್ನು ಕೇಳಿರಲಿಲ್ಲ, ನಾನೂ ಸೇರಿದಂತೆ.

ಅವನು ಬೆರಳು ಮಡಿಸುತ್ತ ಹೇಳಿದ. ಆಸಿಡ್ಡಿನಲ್ಲಿ ಅದ್ದಿದ್ದು, ತೊಳೆದದ್ದು, ಸತುವಿನ ತೊಟ್ಟಿಗೆ ಬಿಟ್ಟದ್ದು, ತೆಗೆದದ್ದು. ಒಂದೂ ತಪ್ಪಿರಲಿಲ್ಲ. ಆಮೇಲೆ ಓವನ್ನಿನಲ್ಲಿ ಬೇಯಿಸಿದೆಯಾ ಎಂದೆ. ಬೇಯಿಸಿದೆ ಎಂದ. ರಿಜಿಸ್ಟರಿನಲ್ಲೂ ಹಾಗೆಯೇ ಇತ್ತು, ಬೇಯಿಸಿದ್ದಕ್ಕೆ ಗುರುತು, ಅದರ ಕೆಳಗೆ ನನ್ನದೇ ಸಹಿ. ಯಾವಾಗ ಬೇಯಿಸಿದೆ ಎಂದು ಕೇಳಿದೆ.

"ರಜಾ ಮುಗದ ಮ್ಯಾಲ್ರಿ. ಹಬ್ಬದ ದಿನನ ಒಲಿ ಕಾಸಿ ಇಟ್ಟಿದ್ದೆ. ನೀವು ಬಂದು ಆರ್ಸಿದ್ರಲ್ರಿ ಸರ್."

ಕೋಸಂಬರಿಯನ್ನು ಕೆಳಗಿಟ್ಟೆ. ಆಯುಧ ಪೂಜೆಯ ದಿನ ಅವನು ಬೋಲ್ಟನ್ನು ತೊಟ್ಟಿಯಿಂದ ತೆಗೆದು, ಓವನ್ ಕಾಯಿಸಿ, ಒಳಗಿಡಲು ಹೊರಟಿದ್ದ. ನಾನು ಶ್ಲೋಕ ಹೇಳುತ್ತಲೇ ಹೋಗಿ ಸ್ವಿಚ್ಚು ಆರಿಸಿದ್ದೆ. ಓವನ್ ತಣಿದ ಮೇಲೆ ಒರೆಸಿ, ವಿಭೂತಿ ಎಳೆದು, ಕುಂಕುಮವಿಟ್ಟು, ಹಾರ ಹಾಕಿದ್ದೆ. ಇವತ್ತು ಇದು ದೇವರು, ಇದರಿಂದ ಕೆಲಸ ಮಾಡಿಸಬಾರದು, ರಜೆ ಮುಗಿದ ಮೇಲೆ ಬೇಯಿಸು ಎಂದೂ ಹೇಳಿದ್ದೆ. ನಮ್ಮ ಮನೆಯಲ್ಲಿ ಆ ದಿನ ನೇಗಿಲು ಹೂಡುತ್ತಿರಲಿಲ್ಲ. ಅದೇ ಪದ್ಧತಿಯನ್ನು ಓವನ್ನಿಗೂ ತಂದಿದ್ದೆ.

ಆಸಿಡ್ಡಿನಲ್ಲೂ ಸತುವಿನ ತೊಟ್ಟಿಯಲ್ಲೂ ಇರುವಾಗ ಜಲಜನಕ ಉಕ್ಕಿನೊಳಗೆ ಹೊಕ್ಕುಬಿಡುತ್ತದೆ. ಕಣ್ಣಿಗೆ ಕಾಣದು, ಕೈಗೆ ತಿಳಿಯದು. ತೆಗೆದ ನಾಲ್ಕು ಗಂಟೆಯೊಳಗೆ ಬೋಲ್ಟನ್ನು ಬಿಸಿಯಲ್ಲಿಟ್ಟರೆ ಹೊರಟುಹೋಗುತ್ತದೆ. ಬಿಟ್ಟರೆ ಒಳಗೇ ಕೂರುತ್ತದೆ. ಎಳೆದು ಪರೀಕ್ಷಿಸಿದರೆ, ಆ ಸ್ವಲ್ಪ ಹೊತ್ತಿನಲ್ಲಿ ತೋರಿಸಿಕೊಳ್ಳುವುದಿಲ್ಲ. ಬೋಲ್ಟನ್ನು ಬಿಗಿದು, ಅದರ ಮೇಲೆ ಭಾರ ನಿಂತು, ದಿನಗಳು ಕಳೆದ ಮೇಲೆ, ಒಳಗಿನಿಂದ ಬಿರುಕು ಬಿಡಿಸುತ್ತ ಬಂದು ತಲೆ ತೆಗೆಯುತ್ತದೆ. ನಾನು ಇದನ್ನು ಓದಿದ್ದವನು. ರಿಜಿಸ್ಟರಿನಲ್ಲಿ ಬೇಯಿಸಿದ ಗುರುತಿಗೆ ಜಾಗವಿತ್ತು, ಎಷ್ಟು ಹೊತ್ತಿನ ಮೇಲೆ ಎನ್ನುವುದಕ್ಕೆ ಇರಲಿಲ್ಲ.

ಅಕ್ಕನಿಗೂ ಇದನ್ನೇ ವಿವರಿಸಿದೆ. ಪೂರ್ತಿ ಕೇಳಿಸಿಕೊಂಡು, "ಅಂದ್ರೆ ಒಳಕ್ಕೆ ಒಂದು ಹೊಕ್ಕಿದ್ದು ನಿಜ ತಾನೆ ಸಾರ್?" ಎಂದರು. ಹೌದು ಎಂದೆ.

ಶನಿವಾರ ಯಜಮಾನರ ಎದುರು ನಿಂತು ಎಲ್ಲವನ್ನೂ ಒಪ್ಪಿಕೊಂಡೆ. ಕಳಿಸುವುದಿದ್ದರೆ ನನ್ನನ್ನು ಕಳಿಸಿ, ಅವನು ನಾನು ಹೇಳಿದ ಹಾಗೆ ಮಾಡಿದವನು, ಕೆಡಿಸಿದವನು ನಾನು ಎಂದೆ. ಮೇಸ್ತ್ರಿ ಚಾವಣಿ ನೋಡತೊಡಗಿದ. ಯಜಮಾನರು ನನ್ನ ಹಣೆಯ ವಿಭೂತಿಯನ್ನೇ ನೋಡುತ್ತ ಕೂತರು. ಆ ಕಂತಿನ ಒಂದು ಕ್ಲಾಂಪೂ ಹೊರಗೆ ಹೋಗಬಾರದು, ಎಲ್ಲ ಗುಜರಿಗೆ ಹಾಕಿ ಎಂದರು. ಆಮೇಲೆ, ಇಬ್ಬರೂ ಹೋಗಿ ಕೆಲಸ ನೋಡಿಕೊಳ್ಳಿ ಎಂದರು. ಬಾಗಿಲು ದಾಟುವಾಗ ಕರೆದು ಒಂದೇ ಒಂದು ಮಾತು ಸೇರಿಸಿದರು. ಇನ್ನು ಮೇಲೆ ಓವನ್ನಿನ ಸ್ವಿಚ್ಚಿಗೆ ಯಾದಗಿರಿಯವನ ಹೊರತು ಯಾರೂ ಕೈ ಹಾಕಬಾರದು, ಅದರಲ್ಲೂ ಮಡಿಯುಟ್ಟವರು.

ಮಾರನೆಯ ವರ್ಷ ಆಯುಧ ಪೂಜೆ ಬಂತು. ಮಿಷನ್ನುಗಳಿಗೆಲ್ಲ ಕುಂಕುಮ ಇಡುತ್ತ ಓವನ್ನಿನ ಹತ್ತಿರ ಬಂದೆ. ಒಳಗೆ ಬೋಲ್ಟು ಬೇಯುತ್ತಿತ್ತು, ಕೆಂಪು ದೀಪ ಉರಿಯುತ್ತಿತ್ತು. ಅವನು ಹೊಸ ಅಂಗಿ ತೊಟ್ಟು, ಎರಡು ಕೈಯನ್ನೂ ಅಡ್ಡ ಚಾಚಿ ಓವನ್ನಿಗೆ ಕಾವಲು ನಿಂತಿದ್ದ.

"ಅಲ್ಲಿಂದನ ಕೈ ಮುಗೀರಿ ಸರ್. ದೇವ್ರು ಡ್ಯೂಟಿ ಮ್ಯಾಲ ಇದ್ದಾನ."

ದೂರದಿಂದಲೇ ಕೈ ಮುಗಿದೆ. ನಿಮಗೆ ಪೀಣ್ಯದ ಕಡೆ ಲೇಪದ ತೊಟ್ಟಿ, ಓವನ್ ಇಟ್ಟುಕೊಂಡವರು ಯಾರಾದರೂ ಗೊತ್ತಿದ್ದರೆ, ದಸರೆಗೆ ಮುಂಚೆ ಅವರಿಗೆ ಇದನ್ನು ಹೇಳಿ. ಹೇಳುವಾಗ ಬೇಕಾದರೆ ದೆವ್ವವನ್ನು ಇನ್ನಷ್ಟು ದೊಡ್ಡದು ಮಾಡಿ, ನನ್ನದೇನೂ ಅಡ್ಡಿಯಿಲ್ಲ. ನಾನು ಶ್ಲೋಕ ಹೇಳುತ್ತ ಸ್ವಿಚ್ಚು ಆರಿಸಿದ್ದನ್ನು ಮಾತ್ರ ಬಿಡಬೇಡಿ.